ಹತ್ತನೇ ಕಾಲಂನಲ್ಲಿ ನಾನು ಬರೆದ ತಪ್ಪು: ಜನಗಣತಿಗೆ ಹೊರಡುವವರಿಗೆ ಒಂದು ಬಹಿರಂಗ ಪತ್ರ

ಕೋಲಾರ, ಚಿಕ್ಕಬಳ್ಳಾಪುರ ಮತ್ತು ತುಮಕೂರು ಜಿಲ್ಲೆಗಳ ಜನಗಣತಿ ಅಧಿಕಾರಿಗಳಿಗೆ,
ಮನೆ ಮನೆ ಮೆಟ್ಟಿಲು ಹತ್ತಲಿರುವ ಎಣಿಕೆದಾರ ಗೆಳೆಯರಿಗೆ,

ಮಾನ್ಯರೇ,

ನಾನು ಮುಳಬಾಗಿಲು ತಾಲ್ಲೂಕಿನ ಒಬ್ಬ ನಿವೃತ್ತ ಪ್ರಾಥಮಿಕ ಶಾಲಾ ಮೇಷ್ಟ್ರು. 2001ರ ಗಣತಿಯಲ್ಲೂ 2011ರ ಗಣತಿಯಲ್ಲೂ ಎಣಿಕೆದಾರನಾಗಿ ಕೆಲಸ ಮಾಡಿದ್ದೇನೆ. ದೂರು ಹೇಳಲು ಈ ಪತ್ರ ಬರೆಯುತ್ತಿದ್ದೇನೆ. ಮೊದಲ ದೂರು ನನ್ನ ಮೇಲೆಯೇ.

2011ರ ಫೆಬ್ರವರಿ 9ರಿಂದ 28ರವರೆಗೆ ಎಣಿಕೆ ನಡೆಯಿತು. ಆಗಿನ ಫಾರಂನಲ್ಲಿ ಹತ್ತನೇ ಪ್ರಶ್ನೆ ಮಾತೃಭಾಷೆಯದು. ಹನ್ನೊಂದನೆಯದು ಗೊತ್ತಿರುವ ಇತರ ಭಾಷೆಗಳದು, ಎರಡರವರೆಗೆ ಬರೆಯಬಹುದಿತ್ತು. ನನ್ನ ಪಾಲಿಗೆ ಬಂದ ಬ್ಲಾಕಿನಲ್ಲಿ, ಆಂಧ್ರದ ಗಡಿ ಕಡೆಗೆ ಹೋಗುವ ರಸ್ತೆ ಪಕ್ಕದಲ್ಲಿ, ಬುಟ್ಟಿ ಹೆಣೆಯುವವರ ಒಂದು ಸಣ್ಣ ಕಾಲೊನಿ ಇತ್ತು. ಹುಣಸೆ ಮರದ ನೆರಳಲ್ಲಿ ಒಬ್ಬ ಅಜ್ಜಿ ಹೆಬ್ಬೆರಳಿಗೆ ಹಳೇ ಬಟ್ಟೆ ಸುತ್ತಿಕೊಂಡು ಬಿದಿರು ಸೀಳುತ್ತಿದ್ದರು. ನಾನು ತೆಲುಗಿನಲ್ಲಿ ಮಾತಾಡಿಸಿದೆ. ನಮ್ಮ ಕಡೆ ಅದು ರೂಢಿ. ಹೊಸಬರು ಸಿಕ್ಕರೆ ಮೊದಲು ತೆಲುಗು, ಆಮೇಲೆ ಕನ್ನಡ. ಹೆಸರು, ವಯಸ್ಸು, ಮದುವೆ ಎಲ್ಲ ಮುಗಿಸಿ ಹತ್ತನೆಯದಕ್ಕೆ ಬಂದೆ.

"ಮೀ ಮಾಟ ಏದಮ್ಮಾ?" ಅಂದೆ. ನಿಮ್ಮ ಮಾತು ಯಾವುದು ಅಂತ.

"ಮಾದಿ ಕುಳುವ ಮಾಟ ಸಾರ್," ಅಂದರು. ನನ್ನ ಮುಖ ನೋಡಿ ನಕ್ಕು, "ತೆಲುಗು ಅನಿ ರಾಸ್ಕೋಂಡಿ, ಏಮವುತುಂದಿ?" ಅಂತ ಸೇರಿಸಿದರು. ತೆಲುಗು ಅಂತಲೇ ಬರ್ಕೊಳ್ಳಿ, ಏನಾಗುತ್ತೆ?

ನಾನು ತೆಲುಗು ಅಂತಲೇ ಬರೆದೆ. ಬಿಸಿಲು ಜಾಸ್ತಿ ಇತ್ತು, ಇನ್ನೂ ಮೂವತ್ತು ಮನೆ ಬಾಕಿ ಇದ್ದವು. ತರಬೇತಿಯಲ್ಲಿ ಒಬ್ಬರು "ಈ ಕಡೆ ತೆಲುಗು, ಕನ್ನಡ, ಉರ್ದು, ತಮಿಳು ಬಿಟ್ಟು ಬೇರೇನು ಬರುತ್ತೆ, ತಲೆ ಕೆಡಿಸ್ಕೋಬೇಡಿ" ಅಂದಿದ್ದರು. ನಾನು ಪೆನ್ನು ಮುಚ್ಚುವಷ್ಟರಲ್ಲಿ ಒಳಗಿಂದ ಮೊಮ್ಮಗ ಓಡಿ ಬಂದು ಅಜ್ಜಿಯ ಹತ್ತಿರ ಏನೋ ಕೇಳಿದ. ನನ್ನ ಕಿವಿಗೆ ಹಿಡಿದದ್ದು "ತಣ್ಣಿ" ಅನ್ನುವ ಒಂದೇ ಪದ. ತಮಿಳಿನ ತಣ್ಣಿ. ನೀರು. ಮಿಕ್ಕಿದ್ದು ತಮಿಳೂ ಅಲ್ಲ, ತೆಲುಗೂ ಅಲ್ಲ. ನಾನು ಎದ್ದು ಮುಂದಿನ ಮನೆಗೆ ಹೋದೆ.

ಈ ಹತ್ತನೇ ಕಾಲಂ ಬಗ್ಗೆ ಸರ್ಕಾರದ್ದೇ ಕೈಪಿಡಿ ಏನು ಹೇಳುತ್ತಿತ್ತು ಗೊತ್ತಾ? ನಿವೃತ್ತಿಯಾದ ಮೇಲೆ ಅದನ್ನು ಮತ್ತೆ ತೆಗೆದು ಓದಿದೆ. ಮಾತೃಭಾಷೆ ಅಂದರೆ ಬಾಲ್ಯದಲ್ಲಿ ತಾಯಿ ಆ ವ್ಯಕ್ತಿಯ ಜೊತೆ ಆಡಿದ ಭಾಷೆ. ತಾಯಿ ಎಳವೆಯಲ್ಲೇ ತೀರಿಕೊಂಡಿದ್ದರೆ, ಆಗ ಮನೆಯಲ್ಲಿ ಮುಖ್ಯವಾಗಿ ಆಡುತ್ತಿದ್ದ ಭಾಷೆ. ಜನ ಯಾವ ಹೆಸರು ಹೇಳುತ್ತಾರೋ ಅದನ್ನೇ ಬರೆಯಬೇಕು. ಅದು ಇನ್ನೊಂದು ಭಾಷೆಯ ಉಪಭಾಷೆಯೋ ಅಲ್ಲವೋ ಅನ್ನುವುದನ್ನು ತೀರ್ಮಾನಿಸುವುದು ಎಣಿಕೆದಾರನ ಕೆಲಸ ಅಲ್ಲ. ಧರ್ಮ ನೋಡಿ ಭಾಷೆ ಊಹಿಸಬಾರದು. ವಾದಕ್ಕೆ ಇಳಿಯಬಾರದು. ಒಂದೇ ಮನೆಯಲ್ಲಿ ಎಲ್ಲರ ಮಾತೃಭಾಷೆ ಒಂದೇ ಅಂತ ಅಂದುಕೊಳ್ಳಬಾರದು. ಇಷ್ಟು ಸ್ಪಷ್ಟವಾಗಿ ಬರೆದಿಟ್ಟಿದ್ದಾರೆ. ನಿಯಮ ಆ ಅಜ್ಜಿಯ ಕಡೆಗಿತ್ತು. ನಾನು ಇರಲಿಲ್ಲ.

ಆ ಒಂದು ಪದದಿಂದ ಏನು ಹೋಯಿತು ಅಂತ ಕೇಳಬಹುದು. ಆ ಅಜ್ಜಿಯ ಜನಕ್ಕೆ ನಾವು ಕನ್ನಡದವರು ಕೊರಮ, ಕೊರಚ, ಕೊರವ ಅನ್ನುತ್ತೇವೆ. ತೆಲುಗಿನವರು ಯರುಕಲ ಅನ್ನುತ್ತಾರೆ. ಎರುಕ ಅಂದರೆ ತಿಳಿವು. ಕಣಿ ಹೇಳುವ ಹೆಂಗಸರಿಂದ ಬಂದ ಹೆಸರು. ಅವರು ತಮ್ಮನ್ನು ಕುಳುವ ಅಂದುಕೊಳ್ಳುತ್ತಾರೆ. ಈಗ ಗಣತಿಯ ದಾರಿ ನೋಡಿ. ಫಾರಂನಲ್ಲಿ ಯರುಕಲ ಅಥವಾ ಕೊರವ ಅಂತ ಬರೆದಿದ್ದರೆ, ಕೊನೆಯ ಪಟ್ಟಿಯಲ್ಲಿ ಅದು ತಮಿಳಿನ ಕೆಳಗೆ ಒಂದು ಸಾಲಾಗಿ ಕಾಣುತ್ತಿತ್ತು. ಕುಳುವ ಅಂತ ಬರೆದಿದ್ದರೆ ಯಾವ ಕಡೆ ಸೇರುತ್ತಿತ್ತೋ, ಆದರೆ ಮೂಲ ಕಾಗದದಲ್ಲಾದರೂ ಅವರ ಹೆಸರು ಇರುತ್ತಿತ್ತು. ನಾನು ತೆಲುಗು ಅಂತ ಬರೆದದ್ದರಿಂದ ಯಾರೂ ಯಾವತ್ತೂ ಹುಡುಕಿ ತೆಗೆಯಲಾರದ ಹಾಗೆ ಆ ಮನೆ ತೆಲುಗಿನಲ್ಲಿ ಕರಗಿಹೋಯಿತು.

2011ರ ಗಣತಿಯಲ್ಲಿ ದೇಶದ ಜನ ಹೇಳಿದ ಮಾತೃಭಾಷೆಗಳ ಹೆಸರು ಒಟ್ಟು 19,569. ಅವನ್ನು ಸೋಸಿ, ಕಾಗುಣಿತ ಸರಿ ಮಾಡಿ, ಒಂದರೊಳಗೊಂದು ಸೇರಿಸಿ 1,369 ಹೆಸರು ಉಳಿಸಿಕೊಂಡರು. ಇನ್ನೂ 1,474 ಹೆಸರುಗಳನ್ನು ಎಲ್ಲಿ ಇಡಬೇಕೋ ತಿಳಿಯದೆ ವರ್ಗೀಕರಿಸದವು ಅಂತ ಪಕ್ಕಕ್ಕಿಟ್ಟರು. 10,000 ಅಥವಾ ಅದಕ್ಕಿಂತ ಹೆಚ್ಚು ಮಂದಿ ಮಾತಾಡುವವರಿದ್ದ ಭಾಷೆಗೆ ಮಾತ್ರ ಬೇರೆ ಲೆಕ್ಕ. ಕೊನೆಗೆ ಉಳಿದದ್ದು 121 ಭಾಷೆ. ಸೋಸುವುದು ಬೇಕು, ನಾನು ಬೇಡ ಅನ್ನುವುದಿಲ್ಲ. ಆದರೆ ಸೋಸುವ ಕೆಲಸ ದೆಹಲಿಯಲ್ಲಿ, ಭಾಷೆ ಬಲ್ಲವರು ಕೂತು ಮಾಡಬೇಕಾದದ್ದು. ಮುಳಬಾಗಿಲಿನ ಬಿಸಿಲಲ್ಲಿ ನಿಂತು ಒಬ್ಬ ಮೇಷ್ಟ್ರು ಮಾಡಬೇಕಾದದ್ದಲ್ಲ.

ಇನ್ನೊಂದು ಸಂಗತಿ. ಬ್ರಿಟಿಷರ ಕಾಲದಲ್ಲಿ ಗ್ರಿಯರ್ಸನ್ ಅವರು ನಡೆಸಿದ ಭಾರತದ ಭಾಷಾ ಸಮೀಕ್ಷೆ ಬಹಳ ದೊಡ್ಡದು, ಅದರ ಕೆಲಸ 1928ರಲ್ಲಿ ಮುಗಿಯಿತು. ಅದರಲ್ಲಿ ಮದ್ರಾಸ್ ಪ್ರಾಂತ್ಯ, ಹೈದರಾಬಾದ್ ಮತ್ತು ಮೈಸೂರು ಸಂಸ್ಥಾನ ಸೇರಿರಲಿಲ್ಲ. ಅಂದರೆ ನಮ್ಮ ಕೋಲಾರವೂ ಇಲ್ಲ, ತುಮಕೂರೂ ಇಲ್ಲ. ನಮ್ಮ ಹಟ್ಟಿ, ತಾಂಡಾ, ಕೇರಿಗಳಿಗೆ ಭಾಷೆ ಕೇಳಿಕೊಂಡು ಬಂದವರು ಅಂದರೆ ಹೆಚ್ಚಾಗಿ ಗಣತಿಯವರೇ.

ಈ ಮೂರು ಜಿಲ್ಲೆಯಲ್ಲಿ ಜನಕ್ಕೂ ಮಾತಿಗೂ ಇರುವ ಹೆಸರುಗಳು ಸಾಮಾನ್ಯವಾದವಲ್ಲ. ಕೆಲವನ್ನು ಬೆಂಗಳೂರಿನ ಹುಡುಗರು ಕೇಳಿಯೇ ಇರಲಾರರು. ನಮ್ಮಮ್ಮ ತಮಿಳು ಅನ್ನುವ ಪದವನ್ನು ಬಾಯಲ್ಲಿ ಆಡಿದ್ದೇ ಇಲ್ಲ. ಅವಳಿಗೆ ಅದು ಅರವ. "ಕೆ.ಜಿ.ಎಫ್. ಕಡೆ ಹೋದ್ರೆ ಬರೀ ಅರವ ಮಾತು" ಅನ್ನುತ್ತಿದ್ದಳು. ಚಿನ್ನದ ಗಣಿಗೆ ಉತ್ತರ ಆರ್ಕಾಟ್ ಕಡೆಯಿಂದ ಬಂದ ಕೂಲಿಗಳ ಮಕ್ಕಳು ಮೊಮ್ಮಕ್ಕಳು ಈಗ ಅಲ್ಲಿಯವರೇ ಆಗಿದ್ದಾರೆ. 2001ರಲ್ಲಿ ಗಣಿ ಮುಚ್ಚಿದರೂ ಮಾತು ಮುಚ್ಚಲಿಲ್ಲ. ಹಳೆಗನ್ನಡದಲ್ಲಿ ತಮಿಳರಿಗೆ ಇನ್ನೊಂದು ಹೆಸರಿತ್ತು, ತಿಗುಳ. ಅದೇ ತಿಗಳ ಆಗಿ, ತೋಟ ಮಾಡುವ, ಹೂ ತರಕಾರಿ ಬೆಳೆಯುವ, ಕರಗ ಹೊರುವ ಒಂದು ಸಮುದಾಯದ ಹೆಸರಾಗಿ ನಿಂತಿತು. ಇವತ್ತು ತುಮಕೂರಿನ ಒಬ್ಬ ತಿಗಳರ ಹುಡುಗನಿಗೆ "ನಿನ್ನ ಹೆಸರಿನ ಅರ್ಥ ತಮಿಳ" ಅಂದರೆ ಕನ್ನಡದಲ್ಲೇ ಜಗಳಕ್ಕೆ ಬರುತ್ತಾನೆ. ಬರಲಿ, ಅವನ ಮನೆಮಾತು ಕನ್ನಡವೇ ಇರಬಹುದು. ಹೆಸರು ಒಂದು ಕಾಲದ್ದು, ಮಾತು ಇನ್ನೊಂದು ಕಾಲದ್ದು. ಹೆಸರು ನೋಡಿ ಮಾತು ಬರೆಯಬೇಡಿ ಅಂತ ನಾನು ಹೇಳುವುದು ಇದಕ್ಕೇ.

ಒಡ್ಡರನ್ನು ತೆಗೆದುಕೊಳ್ಳಿ. ಈಗ ಕಾಗದದಲ್ಲಿ ಭೋವಿ. ಒಡ್ಡ ಅನ್ನುವುದು ಓಡ್ರ, ಅಂದರೆ ಒಡಿಶಾ ಕಡೆಯಿಂದ ಬಂದ ಹೆಸರು ಅಂತ ಹೇಳುತ್ತಾರೆ. ನಮ್ಮ ಜಿಲ್ಲೆಯ ಕಲ್ಲುಬಂಡೆಗಳಿಗೆಲ್ಲ ಅವರ ಉಳಿಯ ಗುರುತಿದೆ. ಅವರು ಮನೆಯಲ್ಲಿ ಆಡುವ ಒಡ್ಡರ ಮಾತು ಗಣತಿ ಪಟ್ಟಿಯಲ್ಲಿ ವಡರಿ ಅನ್ನುವ ಹೆಸರಲ್ಲಿ ತೆಲುಗಿನ ಕೆಳಗೆ ಇದೆ. ಇದೆಯಲ್ಲ, ಅಷ್ಟು ಸಾಕು. ಆದರೆ ಎಣಿಕೆದಾರ ಮೊದಲೇ ತೆಲುಗು ಅಂತ ಬರೆದುಬಿಟ್ಟರೆ ಆ ಸಾಲು ಸವೆಯುತ್ತಾ ಹೋಗುತ್ತದೆ.

ಆರೆ ಅನ್ನುವ ಪದ ಇನ್ನೂ ತಮಾಷೆಯದು. ಕನ್ನಡದಲ್ಲಿ ಹಿಂದಿನಿಂದ ಮರಾಠರಿಗೆ ಆರೆಯರು ಅಂತಲೇ ಹೆಸರು. ಬುಡುಬುಡಿಕೆಯವರ ಮನೆಮಾತು ಕೇಳಿದರೆ ಆರೆ ಅನ್ನುತ್ತಾರೆ. ಆರೆಕಟಿಕರು ಅಂತ ಇನ್ನೊಂದು ಜನವೂ ಇದೆ. ಸುಳ್ಯ, ಮಡಿಕೇರಿ ಕಡೆ ಗೌಡರು ಆಡುವ ಅರೆಭಾಷೆ ಅಂತ ಬೇರೊಂದು ಇದೆ, ಕನ್ನಡಕ್ಕೆ ತೀರಾ ಹತ್ತಿರದ್ದು. ಅದಕ್ಕೆ 2011ರಲ್ಲಿ ಸರ್ಕಾರ ಅಕಾಡೆಮಿಯನ್ನೂ ಮಾಡಿತು. ಒಂದು ದೀರ್ಘ ತಪ್ಪಿದರೆ ಚಿಂತಾಮಣಿಯ ಬುಡುಬುಡಿಕೆಯವನು ಸುಳ್ಯದ ಗೌಡನಾಗಿಬಿಡುತ್ತಾನೆ. ಈ ಸಲದ ಗಣತಿ ಮೊಬೈಲ್ ಆ್ಯಪ್‌ನಲ್ಲಿ ನಡೆಯುತ್ತದೆ. ಎರಡಕ್ಷರ ಒತ್ತಿದ ಕೂಡಲೇ ತಾನೇ ಹೆಸರು ತೋರಿಸುವ ಆ್ಯಪ್‌ಗಳ ಬುದ್ಧಿ ನಮಗೆಲ್ಲ ಗೊತ್ತು. ಬೆರಳು ಜಾರುವುದಕ್ಕೆ ಎಷ್ಟು ಹೊತ್ತು?

ತುಮಕೂರು ಕಡೆಯವರಿಗೆ ಒಂದು ಮಾತು. ಸಿರಾ, ಪಾವಗಡದ ತಾಂಡಾಗಳಿಗೆ ಹೋದಾಗ "ಲಂಬಾಣಿ" ಅಂತ ನೀವೇ ಹೇಳಿ ಹೂಂ ಅನ್ನಿಸಿಕೊಳ್ಳಬೇಡಿ. ಅವರಿಗೆ ಅವರು ಗೋರ್. ಅವರ ಮಾತು ಗೋರ್ ಬೋಲಿ. ಹೊರಗಿನವರೆಲ್ಲ ಕೋರ್. ಅಂದರೆ ನಾವು, ನೀವು, ಸಾಹೇಬರು, ಶಾಸಕರು ಎಲ್ಲ ಕೋರ್. ಇದನ್ನು ಕೇಳಿದ ದಿನ ನನಗೆ ನಗು ಬಂತು. ಇಷ್ಟು ವರ್ಷ ಊರಿನವರಿಗೆಲ್ಲ ನಾವೇ ಹೆಸರಿಡುತ್ತಾ ಬಂದೆವು, ನಮಗೂ ಒಂದು ಹೆಸರು ಇಟ್ಟು ಕೂತವರಿದ್ದಾರೆ! ಲಮಾಣಿ ಅಥವಾ ಲಂಬಾಡಿ ಅಂತ ಹೇಳಿದ 32 ಲಕ್ಷಕ್ಕೂ ಜಾಸ್ತಿ ಜನರನ್ನು 2011ರ ಪಟ್ಟಿಯಲ್ಲಿ ಹಿಂದಿಯ ಕೆಳಗೆ ಸೇರಿಸಿದ್ದಾರೆ. ಹಿಂದಿ ಬಾರದ ತಾಂಡಾದ ಅಜ್ಜಿ ಕೂಡ ಹಿಂದಿಯ ಲೆಕ್ಕದಲ್ಲಿ. ಅದನ್ನು ಸರಿ ಮಾಡುವುದು ನಿಮ್ಮ ಕೈಯಲ್ಲಿ ಇಲ್ಲ, ನನಗೆ ಗೊತ್ತು. ಆದರೆ ಅವರ ಬಾಯಿಂದ ಬಂದ ಹೆಸರನ್ನು ಬರೆದುಕೊಂಡು ಬರುವುದು ನಿಮ್ಮ ಕೈಯಲ್ಲೇ ಇದೆ.

ಅದೇ ಸಿರಾ ಸೀಮೆಯಲ್ಲಿ ಜುಂಜಪ್ಪ ದೇವರ ಒಕ್ಕಲು ಕಾಡುಗೊಲ್ಲರು ಇದ್ದಾರೆ. ಅವರ ಮನೆಮಾತು ಕನ್ನಡ. ಊರುಗೊಲ್ಲರದು ಹೆಚ್ಚಾಗಿ ತೆಲುಗು. ಬರೀ "ಗೊಲ್ಲ" ಅಂತ ಬರೆದುಕೊಂಡು, ಗೊಲ್ಲರು ಅಂದಮೇಲೆ ತೆಲುಗು ಅಂತ ತುಂಬಿದರೆ ಎರಡು ತಪ್ಪು ಒಂದೇ ಸಲ ಆಗುತ್ತದೆ. "ಕಾಡು" ಅನ್ನುವ ಎರಡಕ್ಷರವನ್ನು ಜಾತಿಯ ಕಾಗದದಲ್ಲಿ ಸೇರಿಸಿಕೊಳ್ಳಲು ಆ ಹಟ್ಟಿಗಳವರು ಎಷ್ಟು ವರ್ಷದಿಂದ ಕಚೇರಿ ಅಲೆಯುತ್ತಿದ್ದಾರೆ ಅಂತ ತುಮಕೂರಿನವರಿಗೆ ನಾನು ಹೇಳಬೇಕಿಲ್ಲ.

ಮುಸ್ಲಿಂ ಮನೆಗಳಲ್ಲಂತೂ ಹೆಚ್ಚಿನವರು ಪ್ರಶ್ನೆಯನ್ನೇ ಕೇಳುವುದಿಲ್ಲ. ಹೆಸರು ನೋಡಿದ ಕೂಡಲೇ ಉರ್ದು. ನಾನೂ ಹಾಗೇ ಮಾಡಿದ್ದೆ. ನಮ್ಮ ಕಡೆಯ ಮುಸ್ಲಿಮರು ಮನೆಯಲ್ಲಿ ಆಡುವುದು ದಖನಿ. ಬೇಡ ಅನ್ನುವುದಕ್ಕೆ ನಕ್ಕೋ, ಹೌದು ಅನ್ನುವುದಕ್ಕೆ ಹೌ, ಯಾಕೆ ಅನ್ನುವುದಕ್ಕೆ ಕಾಯ್ಕು. ಮಾತುಗಳು ಅನ್ನಲು ಬಾತಾಂ, ಜನ ಅನ್ನಲು ಲೋಗಾಂ. ಲಕ್ನೋದವರು ಕೇಳಿದರೆ ಮುಖ ಕಿವುಚುತ್ತಾರೆ, ನಮಗೆ ಕೇಳಿದರೆ ಊರಿಗೆ ಬಂದಂತಾಗುತ್ತದೆ. ಚಿಂತಾಮಣಿ ಸಂತೆಯಲ್ಲಿ ಒಕ್ಕಲಿಗರೂ ವ್ಯಾಪಾರ ಮುರಿಯಲು "ನಕ್ಕೋ ಬಿಡಪ್ಪ" ಅನ್ನುತ್ತಾರೆ. ಕೇಳಿದ ಮೇಲೆ ಅವರೇ ಉರ್ದು ಅಂದರೆ ಉರ್ದು ಬರೆಯಿರಿ. ದಖನಿ ಅಂದರೆ ದಖನಿ ಬರೆಯಿರಿ. ಕೇಳದೆ ಬರೆಯಬೇಡಿ, ಅಷ್ಟೇ.

ಎಲ್ಲ ಹಳೇ ಹೆಸರನ್ನೂ ಎತ್ತಿ ಹಿಡಿಯಬೇಕು ಅಂತ ನನ್ನ ವಾದ ಅಲ್ಲ. ತುರುಕ ಅನ್ನುವುದು ಒಂದು ಕಾಲಕ್ಕೆ ಬರೀ ತುರ್ಕರ ಹೆಸರು. ಕೊಂಗ ಅಂದರೆ ಕೊಂಗುನಾಡಿನವನು. ಇವತ್ತು ಎರಡೂ ಬೈಗುಳ. ಜಾತಿಗಳ ಹೆಸರಲ್ಲೂ ಇಂಥವು ಎಷ್ಟೋ. ನಿಘಂಟಿನಲ್ಲಿ ಇರಲಿ, ಅಂಗಳದಲ್ಲಿ ನಿಂತು ಆಡುವುದು ಬೇಡ. ಯಾವುದು ಬರೀ ಹೆಸರು, ಯಾವುದು ಬೈಗುಳ ಅಂತ ತಿಳಿಯುವುದಕ್ಕೆ ಸುಲಭದ ದಾರಿ ಒಂದಿದೆ: ಅವರೇ ತಮ್ಮನ್ನು ಏನಂತ ಕರೆದುಕೊಳ್ಳುತ್ತಾರೆ ಅಂತ ಕೇಳುವುದು.

ಈಗ ನಾನು ಒಪ್ಪಿಕೊಳ್ಳಬೇಕಾದ ಇನ್ನೊಂದು ತಪ್ಪು. 2011ರಲ್ಲಿ ನಮ್ಮ ಮನೆಗೆ ಬೇರೆ ಎಣಿಕೆದಾರರು ಬಂದಿದ್ದರು. ನನ್ನ ಮಾತೃಭಾಷೆ ಕನ್ನಡ ಅಂತ ಬರೆಸಿದೆ. ನಮ್ಮಮ್ಮ ಸಾಯುವವರೆಗೂ ನನ್ನ ಜೊತೆ ಒಂದು ದಿನವೂ ಕನ್ನಡ ಆಡಿದವಳಲ್ಲ. ಇಂಟ್ಲೋ ತೆಲುಗು, ಬೈಟ ಕನ್ನಡ. ಮನೆಯೊಳಗೆ ತೆಲುಗು, ಹೊರಗೆ ಕನ್ನಡ. ಗಡಿಯ ಎಷ್ಟೋ ಮನೆಗಳ ಕಥೆ ಇದು. ಮೂವತ್ತು ವರ್ಷ ಕನ್ನಡ ಪಾಠ ಮಾಡಿದವನು, ರಾಜ್ಯೋತ್ಸವದ ದಿನ ಬಾವುಟ ಹಿಡಿದವನು ತೆಲುಗು ಅಂತ ಬರೆಸಿದರೆ ನಾಳೆ ಯಾರಾದರೂ ಏನಾದರೂ ಅಂದರೆ? ಆ ಅಳುಕು ಇತ್ತು. ನನ್ನ ಹೆಂಡತಿ ಕುಪ್ಪಂ ಕಡೆಯವಳು. ಅವಳು ಒಳಗಿಂದಲೇ "ನಾದಿ ತೆಲುಗೇ ರಾಯಂಡಿ" ಅಂತ ಕೂಗಿ ಬರೆಸಿದಳು. ನಂದು ತೆಲುಗೇ ಬರೀರಿ ಅಂತ. ಅವಳಿಗೆ ಯಾವ ಅಳುಕೂ ಇರಲಿಲ್ಲ.

ಮಾಲೂರು ತಾಲ್ಲೂಕಿನ ಮಾಸ್ತಿಯವರ ಮನೆಮಾತು ತಮಿಳು. ಅವರಿಗಿಂತ ದೊಡ್ಡ ಕನ್ನಡಿಗ ನಮ್ಮ ಜಿಲ್ಲೆಯಲ್ಲಿ ಯಾರು? ಮುದ್ದೇನಹಳ್ಳಿಯ ವಿಶ್ವೇಶ್ವರಯ್ಯನವರ ಮನೆಯಲ್ಲಿ ತೆಲುಗು. ಕೈವಾರದ ತಾತಯ್ಯನವರು ತೆಲುಗಿನಲ್ಲೂ ಹಾಡಿದರು, ಕನ್ನಡದಲ್ಲೂ ಹಾಡಿದರು, ಇವತ್ತಿಗೂ ಎರಡನ್ನೂ ಜನ ಒಂದೇ ಭಜನೆಯಲ್ಲಿ ಹಾಡುತ್ತಾರೆ. ಹತ್ತನೇ ಕಾಲಂನಲ್ಲಿ ಬೇರೆ ಹೆಸರು ಬಂದರೆ ಕನ್ನಡಕ್ಕೆ ಏನೂ ಕೊರತೆ ಆಗುವುದಿಲ್ಲ. ಹನ್ನೊಂದನೇ ಕಾಲಂ ಇದೆಯಲ್ಲ, ಅಲ್ಲಿ ಕನ್ನಡ ಎದೆ ತಟ್ಟಿಕೊಂಡು ಬರೆಸಲಿ.

2027ರ ಗಣತಿಗೆ ಮಾರ್ಚ್ 1 ಲೆಕ್ಕದ ದಿನ. ಹದಿನಾರು ವರ್ಷ ಆದ ಮೇಲೆ ನಡೆಯುವ ಎಣಿಕೆ ಇದು. ಹಾಗಾಗಿ ನನ್ನ ಕೋರಿಕೆಗಳನ್ನು ಕೇಳಿ.

ಅಧಿಕಾರಿಗಳೇ, ತರಬೇತಿಯಲ್ಲಿ ಈ ಕಾಲಂಗೆ ಬರೀ ಐದು ನಿಮಿಷ ಕೊಡಬೇಡಿ, ಅರ್ಧ ಗಂಟೆ ಕೊಡಿ. ತಾಲ್ಲೂಕಿಗೊಂದು ಪುಟ ಸಾಕು: ನಮ್ಮಲ್ಲಿ ಯಾವ ಯಾವ ಮಾತುಗಳಿವೆ, ಆಡುವವರು ಅದನ್ನು ಏನಂತ ಕರೆಯುತ್ತಾರೆ, ಹೊರಗಿನವರು ಏನಂತ ಕರೆಯುತ್ತಾರೆ, ಕನ್ನಡದಲ್ಲಿ ಅದರ ಕಾಗುಣಿತ ಏನು. ಅದನ್ನು ಕಚೇರಿಯಲ್ಲಿ ಕೂತು ಬರೆಯಬೇಡಿ. ತಾಂಡಾದ ನಾಯಕರನ್ನು, ಹಟ್ಟಿಯ ಹಿರಿಯರನ್ನು, ಕಾಲೊನಿಯ ಹೆಂಗಸರನ್ನು ಕರೆದು ಕೂರಿಸಿ ಕೇಳಿ. ಹೆಂಗಸರನ್ನು ಅಂತ ಯಾಕೆ ಒತ್ತಿ ಹೇಳುತ್ತೇನೆ ಅಂದರೆ, ಹೊರಗೆ ದುಡಿಯುವ ಗಂಡಸರು ಬೇಗ ನಮ್ಮ ಹೆಸರುಗಳನ್ನೇ ಹೇಳಲು ಕಲಿತಿರುತ್ತಾರೆ. ಆ್ಯಪ್‌ನ ಪಟ್ಟಿಯಲ್ಲಿ ಹೆಸರು ಸಿಗದಿದ್ದರೆ ಹತ್ತಿರದ್ದನ್ನು ಒತ್ತಿ ಮುಂದೆ ಹೋಗಿ ಅಂತ ದಯವಿಟ್ಟು ಬಾಯಿಮಾತಿನ ಆದೇಶ ಕೊಡಬೇಡಿ. ಕೇಳಿದ್ದನ್ನು ಕೇಳಿದ ಹಾಗೇ ದಾಖಲಿಸುವ ದಾರಿ ಏನು ಅಂತ ಮೊದಲ ದಿನವೇ ಹೇಳಿಕೊಡಿ. ಮತ್ತೆ, ಸೋಸಿದ ಪಟ್ಟಿ ಬರುವಾಗ ಬರಲಿ, ಸೋಸುವುದಕ್ಕೆ ಮುಂಚೆ ನಮ್ಮ ಜಿಲ್ಲೆಗಳಲ್ಲಿ ಜನ ಯಾವ ಯಾವ ಹೆಸರು ಹೇಳಿದರು ಅನ್ನುವುದನ್ನು ಯಾರ ಗುರುತೂ ಸಿಗದ ಹಾಗೆ ಪ್ರಕಟಿಸಿ ಅಂತ ಮೇಲಿನವರಿಗೆ ಬರೆಯಿರಿ.

ಮೇಷ್ಟ್ರುಗಳೇ, ಮೇಡಂಗಳೇ, ನಿಮಗೆ ಸಂಬಳದ ಕೆಲಸದ ಮೇಲೆ ಇದೊಂದು ಹೊರೆ, ಗೊತ್ತು. ಆದರೂ "ನಿಮ್ಮ ಮಾತೃಭಾಷೆ ಯಾವುದು" ಅಂತ ಕೇಳಬೇಡಿ. ಆ ಪದ ಕೇಳಿದರೆ ಜನ ಪರೀಕ್ಷೆಗೆ ಕೂತವರ ಹಾಗೆ ಸರಿ ಉತ್ತರ ಹುಡುಕುತ್ತಾರೆ. "ಚಿಕ್ಕೋರಿದ್ದಾಗ ನಿಮ್ಮಮ್ಮ ನಿಮ್ಮ ಜೊತೆ ಯಾವ ಮಾತಾಡ್ತಿದ್ರು" ಅಂತ ಕೇಳಿ. ಸೊಸೆಯನ್ನು ಬೇರೆ ಕೇಳಿ, ಅತ್ತೆಯನ್ನು ಬೇರೆ ಕೇಳಿ. "ಯಾವುದಾದ್ರೂ ಬರ್ಕೊಳ್ಳಿ" ಅಂದರೆ ಇನ್ನೊಂದು ಸಲ ಕೇಳಿ. ಯಾವುದಾದರೂ ಬರ್ಕೊಳ್ಳಿ ಅನ್ನುವವರು, ತಮ್ಮ ಮಾತಿನ ಹೆಸರು ನಿಮಗೆ ಬೇಕಾಗಿಲ್ಲ ಅಂತ ಮೊದಲೇ ತೀರ್ಮಾನ ಮಾಡಿಕೊಂಡಿರುತ್ತಾರೆ.

ಹೋದ ವರ್ಷ ಆ ಕಾಲೊನಿಗೆ ಹೋಗಿದ್ದೆ. ಅಜ್ಜಿ ಇಲ್ಲ. ನೀರು ಕೇಳಿದ ಆ ಹುಡುಗ ಈಗ ನರಸಾಪುರದ ಕಾರ್ಖಾನೆ ಬಸ್ಸಿಗೆ ಬೆಳಗ್ಗೆ ಹೋದವನು ರಾತ್ರಿ ಬರುತ್ತಾನೆ. ನಿಮ್ಮ ಮಾತು ಯಾವುದಪ್ಪಾ ಅಂದೆ. "ತೆಲುಗು ಸಾರ್" ಅಂದ. ಸ್ವಲ್ಪ ಹೊತ್ತು ಕೂತಿದ್ದೆ. ಫೋನ್ ಬಂತು. ಅವನು ಎದ್ದು ಗೋಡೆ ಕಡೆ ತಿರುಗಿ ಅಮ್ಮನ ಜೊತೆ ಮಾತಾಡಿದ, ಆ ಇನ್ನೊಂದು ಮಾತಿನಲ್ಲಿ.

ಮುಳಬಾಗಿಲಿನಲ್ಲಿ ತರಬೇತಿ ನಡೆಯುವ ದಿನ ನನಗೆ ಒಂದು ಮಾತು ತಿಳಿಸಿ. ಬಂದು ಹಿಂದಿನ ಬೆಂಚಿನಲ್ಲಿ ಕೂರುತ್ತೇನೆ, ಆ ಅರ್ಧ ಗಂಟೆ ಕೊಟ್ಟರೆ ಮುಂದೆ ಬಂದು ಮಾತಾಡುತ್ತೇನೆ. ಭತ್ಯೆ ಬೇಡ. ಬಸ್ ಚಾರ್ಜೂ ಬೇಡ.

ಇಂತಿ ನಿಮ್ಮ ವಿಶ್ವಾಸಿ,
ಒಬ್ಬ ನಿವೃತ್ತ ಶಿಕ್ಷಕ
ಮುಳಬಾಗಿಲು ತಾಲ್ಲೂಕು, ಕೋಲಾರ ಜಿಲ್ಲೆ
(ಮಾತೃಭಾಷೆ: ತೆಲುಗು. ಇತರ ಭಾಷೆ: ಕನ್ನಡ.)